ಅಕ್ಕನ ಹೆಸರಿನ ಅರ್ಜಿದಾರಳು

ಊರಿನ ನೂರಾರು ವಕೀಲರಲ್ಲಿ ಇವನಷ್ಟು ಜಾಣ ಇನ್ನೊಬ್ಬನಿರಲಿಲ್ಲ. ಅಫಿಡವಿಟ್ಟನ್ನು ನಿದ್ದೆಯಲ್ಲೇ ಬರೆದು, ಎದ್ದ ಮೇಲೆ ಸಹಿಯಷ್ಟೇ ಹಾಕುತ್ತಿದ್ದ. ಅಂಥವನು ಒಂದು ಜನನ ಪ್ರಮಾಣಪತ್ರ ಹಿಡಿದು ಬೆಪ್ಪನಂತೆ ಕೂತಿದ್ದನೆಂದರೆ, ಅದನ್ನು ತಂದವಳು ಎದುರಿಗೇ ಇದ್ದಳೆಂದು ಅರ್ಥ.

ಅವಳು ಟೈಲರ್. ಅವಳು ಒಮ್ಮೆ ದಿಟ್ಟಿಸಿದರೆ ಸಾಕು, ಬಟ್ಟೆ ತಾನಾಗಿ ಅಳತೆಗೆ ಬರುತ್ತಿತ್ತು. ತೊಂದರೆ ಇಷ್ಟೇ: ಅವಳು ಹುಟ್ಟಿದ ದಿನ ಆಸ್ಪತ್ರೆಯವರು ಮಗುವಿನ ಹೆಸರು ಕೇಳಿದಾಗ ಅಪ್ಪ ಹಿರಿಮಗಳ ಹೆಸರು ಹೇಳಿಬಿಟ್ಟಿದ್ದ. ಈಗ ಕಾಗದದ ಮೇಲೆ ಅಕ್ಕತಂಗಿಯರಿಬ್ಬರಿಗೂ ಒಂದೇ ಹೆಸರು. ಅಕ್ಕನಿಗೆ ಮದುವೆಯಾಗಿದ್ದರಿಂದ ಆ ಹೆಸರಿಗೆ ಮದುವೆಯೂ ನೋಂದಣಿಯಾಗಿತ್ತು.

"ತಿದ್ದುಪಡಿ ಯಾವ ಉದ್ದೇಶಕ್ಕೆ?"

"ಮದುವೆಗೆ."

ಪೆನ್ನು ಕೈಜಾರಿ ಮೇಜಿನಡಿಗೆ ಹೋಯಿತು. ಅದನ್ನು ಹುಡುಕಲು ಅವನು ತೆಗೆದುಕೊಂಡ ಹೊತ್ತಿನಲ್ಲಿ ಒಂದು ಆಸ್ತಿ ದಾವೆಯೇ ಇತ್ಯರ್ಥವಾಗಬಹುದಿತ್ತು. ಗಂಡು ಯಾರೆಂದು ಕೇಳುವ ಧೈರ್ಯ ಮಾತ್ರ ಆ ಮಹಾಜಾಣನಿಗೆ ಬರಲಿಲ್ಲ.

ಅಂದಿನಿಂದ ಅವಳನ್ನು 'ಅರ್ಜಿದಾರರೇ' ಎಂದೇ ಕರೆದ. ಅಕ್ಕನ ಹೆಸರು ಬಾಯಿಗೆ ಬರುತ್ತಿರಲಿಲ್ಲ. ಮನೆಯವರು ಕರೆಯುವ ಅವಳದೇ ಹೆಸರು ಹಿಡಿದು ಕರೆದರೆ ತನ್ನ ಮನಸ್ಸಿನ ಗುಟ್ಟು ರಟ್ಟಾದೀತೆಂಬ ಹೆದರಿಕೆ. ಅವಳೋ, ಕೋರ್ಟಿನ ಬೆಂಚಿನ ಮೇಲೆ ಕೂತು ಅವನ ಕರಿಕೋಟಿನ ಜೋತಾಡುವ ಗುಂಡಿಯನ್ನು ನೋಡಿ ಓರೆನಗು ನಗುತ್ತಿದ್ದಳು. ಒಂದು ದಿನ ಚೀಲದಿಂದ ಸೂಜಿದಾರ ತೆಗೆದು, "ಉಸಿರು ಬಿಗಿಹಿಡೀರಿ ವಕೀಲರೇ, ಚುಚ್ಚಿಬಿಡುತ್ತೆ" ಎಂದು ಅಲ್ಲೇ ಹೊಲಿದಳು. ಹಿಡಿದ ಉಸಿರನ್ನು ಅವನು ಮೂರು ವಾರ ಬಿಡಲಿಲ್ಲ.

ವಿಚಾರಣೆಯ ದಿನ ಅಪ್ಪ ಸಾಕ್ಷಿಕಟ್ಟೆ ಹತ್ತಿದ. ಮೊದಲ ಮಗಳ ಹೆಸರನ್ನೇ ಮತ್ತೆ ಬರೆಸಿದ್ದೇಕೆಂದು ನ್ಯಾಯಾಧೀಶರು ಕೇಳಿದರು.

"ತಾಯಿ ಮಗು ಇಬ್ಬರೂ ಉಳಿಯಲ್ಲ ಅಂದಿದ್ರು ಸ್ವಾಮಿ. ಉಳಿದ್ರು. ಸಂತೋಷಕ್ಕೆ ಆಗ ನನಗೆ ಗೊತ್ತಿದ್ದ ಹೆಸರು ಅದೊಂದೇ."

ಕೋರ್ಟಿನ ಫ್ಯಾನು ಕೂಡ ಒಂದು ಸುತ್ತು ತಡೆದು ನಿಂತಿತು.

ಅಷ್ಟರಲ್ಲಿ ನೋಂದಣಿ ಕಚೇರಿಯ ವಕೀಲರು ಎದ್ದು, ಹಳೆಯ ರಿಜಿಸ್ಟರು ತಂದಿಲ್ಲ, ಒಂದು ತಿಂಗಳು ಅವಕಾಶ ಬೇಕೆಂದರು. ಇವನು ತಲೆಯಾಡಿಸಿದ್ದರೆ ಸಾಕಿತ್ತು. ಇನ್ನೂ ಒಂದು ತಿಂಗಳು ಅವಳು ಅದೇ ಬೆಂಚಿನ ಮೇಲೆ, ಇವನ ಪಕ್ಕದಲ್ಲಿ. ತಲೆ ಆಡಲು ಹೊರಟೂ ಇತ್ತು. ಅದನ್ನು ತಡೆದು ನಿಲ್ಲಿಸಿ, ರಿಜಿಸ್ಟರಿನ ದೃಢೀಕೃತ ನಕಲು ತನ್ನ ಬಳಿಯೇ ಇದೆ, ಅರ್ಜಿದಾರರು ಇಪ್ಪತ್ತೇಳು ವರ್ಷ ಕಾದಿದ್ದಾರೆ, ಆದೇಶ ಇಂದೇ ಆಗಲಿ ಎಂದ. ಹಾಗೇ ಆಯಿತು.

ಹೊಸ ಪ್ರಮಾಣಪತ್ರ ಹಿಡಿದು ಅವಳು ಆಫೀಸಿಗೆ ಬಂದಳು. ಅವನು ಮುಖವೆತ್ತದೆ, "ಗಂಡಿಗೂ ನನ್ನ ಶುಭಾಶಯ ಹೇಳಿ, ಅರ್ಜಿದಾರರೇ" ಎಂದ.

"ಗಂಡು ಯಾರೂ ಇಲ್ಲ. ನೋಡೋಕೆ ಬಂದ ಇಬ್ಬರೂ ಹಳೇ ಕಾಗದ ನೋಡಿ ಓಡಿದ್ರು. ನೀವು ಕೇಳಲೇ ಇಲ್ಲವಲ್ಲ."

ಮಹಾಜಾಣನ ಪೆನ್ನು ಮತ್ತೆ ಮೇಜಿನಡಿಗೆ ಹೋಯಿತು.

"ಅವತ್ತು ತಿಂಗಳು ಬೇಡ ಅನ್ನೋಕೆ ಮುಂಚೆ ನಿಮ್ಮ ತಲೆ ಆಡೋಕೆ ಹೊರಟು ನಿಂತಿದ್ದನ್ನ ನೋಡಿದೆ. ನಿಮಗೆ ಬೇಕಾದ್ದನ್ನ ಬಿಟ್ಟು ನನಗೆ ಬೇಕಾದ್ದನ್ನ ಕೊಡಿಸಿದ್ರಿ. ಆ ಋಣ ತೀರಿಸೋಕೆ ಬಂದಿಲ್ಲ, ಇಟ್ಕೊಳ್ಳೋಕೆ ಬಂದಿದ್ದೀನಿ." ಪ್ರಮಾಣಪತ್ರವನ್ನು ಅವನತ್ತ ಸರಿಸಿದಳು. "ಈಗಾದ್ರೂ ಹೆಸರು ಹಿಡಿದು ಕರೀರಿ."

ಕರೆದ. ಕೇಳಿಸಲಿಲ್ಲ ಎಂದಳು. ಮತ್ತೆ ಕರೆದ.

ಆ ಸಂಜೆ ಅವನು ಆ ಹೆಸರನ್ನು ಲಕ್ಷ ಸಲ ಕರೆದನೆಂದು ಜನ ಹೇಳುವುದು ಬರೀ ಉತ್ಪ್ರೇಕ್ಷೆ. ಲಕ್ಷಕ್ಕೆ ಒಂದು ಕಡಿಮೆ. ಆ ಒಂದನ್ನು, ಮದುವೆ ನೋಂದಣಿಯ ಕಚೇರಿಯಲ್ಲಿ ವಧುವಿನ ಹೆಸರೇನೆಂದು ಕೇಳಿದಾಗ ಹೇಳಲು ಉಳಿಸಿಕೊಂಡಿದ್ದ.