ಬೆರಳು ತೋರಿಸಿದವರ ಹಾಳೆ

ನೂರಾ ಹನ್ನೊಂದನೇ ಹಾಳೆ ಆದಮೇಲೆ ನೂರಾ ಹದಿಮೂರು. ನಡುವಿನದು ಮಾಯ. ದಾಖಲೆ ಕೋಣೆಯ ಮೇಲ್ವಿಚಾರಕಿ ಮತ್ತೊಮ್ಮೆ ಎಣಿಸಿದಳು. ಪರಂಗಿ ಸರ್ಕಾರದ ಕಾಲದ ಪ್ಲೇಗ್ ರಿಜಿಸ್ಟರ್ ಅದು. ಇನ್ನೊಂದು ಪ್ರತಿ ಎಲ್ಲೂ ಇಲ್ಲ. ಹೊಲಿಗೆಯ ಪಕ್ಕದಲ್ಲಿ ಬ್ಲೇಡಿನ ನೇರ ಗೆರೆ.

ಆ ವಾರ ಅದನ್ನು ಮುಟ್ಟಿದವರು ಇಬ್ಬರೇ. ಹೊಲಿಗೆ ಬಿಗಿ ಮಾಡಿದ ಬೈಂಡರ್. ಇನ್ನೊಬ್ಬರು ಓದಲು ಬಂದ ಪ್ರೊಫೆಸರ್. ಅವಳಿಗೆ ಇತಿಹಾಸ ಕಲಿಸಿದ ಗುರು. ಆ ಕಾಲದ ರೋಗ, ಲಸಿಕೆ, ಜನರ ಪಾಡು ಎಂದು ಮೂವತ್ತು ವರ್ಷ ತಲೆ ಕೆಡಿಸಿಕೊಂಡವರು.

"ನಾನು ಓದಿದ್ದು ತೊಂಬತ್ತನೇ ಹಾಳೆ ತನಕ ಅಷ್ಟೇ ಕಣಮ್ಮಾ. ಬ್ಲೇಡ್ ಯಾರ ಕೈಲಿರುತ್ತೆ, ನೀನೇ ಯೋಚಿಸು."

ಯೋಚಿಸುವ ಗೋಜಿಗೆ ಅವಳು ಹೋಗಲಿಲ್ಲ.

"ಅಣ್ಣಾ, ಚೀಲ ಬಿಚ್ಚಿ," ಎಂದಳು, ಎಲ್ಲರೆದುರಿಗೆ.

ಬೈಂಡರ್ ಬಿಚ್ಚಿದ. ಊಟದ ಡಬ್ಬಿ, ಕನ್ನಡಕ, ಮಗಳ ಹರಿದ ಪಾಠಪುಸ್ತಕ.

"ಇಪ್ಪತ್ತಾರು ವರ್ಷದಿಂದ ಹರಿದದ್ದನ್ನ ಕೂಡಿಸೋದೇ ನನ್ನ ಕೆಲಸ, ಮೇಡಂ."

ಸಂಜೆಯೊಳಗೆ ಹಾಳೆ ಸಿಗದಿದ್ದರೆ ಅವನನ್ನು ಮನೆಗೆ ಕಳಿಸಿ ಎಂದು ಮೇಲಿನಿಂದ ಆದೇಶ ಬಂತು.

* * *

ಮೇಜಿನ ಮೇಲೆ ಪ್ರೊಫೆಸರರ ಹೊಸ ಪುಸ್ತಕದ ಹಸ್ತಪ್ರತಿಯಿತ್ತು. ತಪ್ಪು ತಿದ್ದಲು ಹಿಂದಿನ ದಿನ ಅವರೇ ಕೊಟ್ಟಿದ್ದು. ಮನಸ್ಸಿಲ್ಲದ ಮನಸ್ಸಿನಿಂದ ತಿರುವಿದಳು. ಒಂದು ಸಾಲಿಗೆ ಕಣ್ಣು ಅಂಟಿಕೊಂಡಿತು.

'ರೋಗಿಗಳನ್ನು ಬಚ್ಚಿಟ್ಟ ಮನೆಗಳನ್ನು ಅಧಿಕಾರಿಗಳಿಗೆ ತೋರಿಸಿಕೊಟ್ಟವರು ಈ ಊರಿನಲ್ಲೇ ಹದಿನಾಲ್ಕು ಜನ.'

ಕೆಳಗೆ ಅಡಿಟಿಪ್ಪಣಿ: ಪ್ಲೇಗ್ ರಿಜಿಸ್ಟರ್, ಹಾಳೆ ೧೧೨.

ತೊಂಬತ್ತಕ್ಕೇ ನಿಂತವರಿಗೆ ಇದು ಹೇಗೆ ಗೊತ್ತು?

* * *

"ಆಧಾರ ಕೊಡದೆ ಒಂದು ಸಾಲೂ ಬರೀಬೇಡ ಅಂತ ನೀವೇ ಹೇಳ್ಕೊಟ್ಟಿದ್ದು ಸರ್," ಎಂದು ಹಸ್ತಪ್ರತಿಯನ್ನು ಅವರತ್ತ ತಳ್ಳಿದಳು.

ಪ್ರೊಫೆಸರ್ ಅಡಿಟಿಪ್ಪಣಿಯ ಮೇಲೆ ಕಣ್ಣು ಹಾಯಿಸಿದರು. ಫೈಲಿನೊಳಗಿಂದ ಹಾಳೆ ತೆಗೆದು ಮೂರನೇ ಹೆಸರು ತೋರಿಸಿದರು.

"ನಮ್ಮಜ್ಜ. ಪಕ್ಕದ ಮನೆ ಬಾಣಂತೀನ ಹಿಡಿದುಕೊಟ್ಟವನು. ಅವಳು ಪ್ಲೇಗ್ ಕ್ಯಾಂಪಿನಿಂದ ವಾಪಸ್ ಬರಲಿಲ್ಲ. ಈ ಪುಸ್ತಕ ನಾನು ಅರ್ಪಿಸಿರೋದು ಅವನಿಗೇ ಕಣಮ್ಮಾ. ತಲೆ ಎಣಿಸಿ ಸಾಲು ಬರೆದಮೇಲೆ ಅವನ ಹೆಸರು ಕಣ್ಣಿಗೆ ಬಿತ್ತು. ಹಾಳೆ ಕೊಯ್ದೆ. ಸಾಲು ಹೊಡೆದುಹಾಕೋಕೆ ಮಾತ್ರ ಕೈ ಬರಲಿಲ್ಲ."

"ಅದಕ್ಕೆ ಬೈಂಡರಣ್ಣನ ಕಡೆ ಬೆರಳು ತೋರಿಸಿದ್ರಾ?"

"ತೋರಿಸ್ದೆ." ಅವರು ತಲೆ ತಗ್ಗಿಸಿದರು. "ಚೀಲ ಬಿಚ್ಚಿಸಿದ್ದು ನೀನು."

ಅವಳು ಹಾಳೆ ಎತ್ತಿಕೊಂಡು ಬೈಂಡರ್ ಕೂತಿದ್ದ ಕಡೆ ನಡೆದಳು.

* * *

ಬೈಂಡರ್ ಹಾಳೆಯನ್ನು ಕೊಯ್ದ ಗುರುತೇ ಸಿಗದಂತೆ ಕೂಡಿಸಿದ.

"ತಪ್ಪಾಯ್ತು ಅಣ್ಣಾ."

"ಇರ್ಲಿ ಬಿಡಿ ಮೇಡಂ," ಎಂದ, ದಾರ ಸುತ್ತುತ್ತ.

ಐದು ಗಂಟೆಗೆ ಹೊರಡುವಾಗ ಅವಳ ಮೇಜಿನೆದುರು ನಿಂತ. ಅವಳು ಏನನ್ನೂ ಕೇಳಿರಲಿಲ್ಲ. ಚೀಲದ ಬಾಯಿ ಅಗಲಿಸಿ ಹಿಡಿದ.