ಕಲ್ಲಿದ್ದಲು ಹೆಕ್ಕಿದವಳು

"ನಿಲ್ಲಿಸ್ರೀ! ನಾಚಿಕೆ ಆಗಲ್ವಾ ನಿಮಗೆ?"

ಒಟಿಲಿಯಾ ಕೂಗಿದ ರಭಸಕ್ಕೆ ಕ್ಯಾಮೆರಾ ಹಿಡಿದಿದ್ದವನು ಬೆಚ್ಚಿಬಿದ್ದ.

ಎರಡನೇ ಮಹಾಯುದ್ಧ ಮುಗಿದ ಮರುವರ್ಷದ ಚಳಿಗಾಲ. ವಿಯೆನ್ನಾದ ರೈಲು ಹಳಿಗಳ ನಡುವೆ ಉದುರಿದ ಕಲ್ಲಿದ್ದಲಿನ ಚೂರುಗಳನ್ನು ಅವಳು ಚೀಲಕ್ಕೆ ತುಂಬಿಕೊಳ್ಳುತ್ತಿದ್ದಳು. ಮನೆಯಲ್ಲಿ ಅಮ್ಮ ಕೆಮ್ಮಿ ಕೆಮ್ಮಿ ಹಣ್ಣಾಗಿದ್ದಳು, ಒಲೆ ತಣ್ಣಗಾಗಿತ್ತು.

"ಸಿನಿಮಾಕ್ಕೆ ಮುಂಚೆ ತೋರಿಸ್ತಾರಲ್ಲ, ಆ ವಾರ್ತಾಚಿತ್ರಕ್ಕೆ ಊರಿನ ದಿನನಿತ್ಯದ ಬದುಕು ತೆಗೀತಿದ್ದೀನಿ," ಅವನು ತಡವರಿಸಿದ. "ನಾನು ಸೆವೆರಿನ್. ನಿಮ್ಮ ಮುಖ ತೋರಿಸಲ್ಲ... ಮಾತು ಕೊಡ್ತೀನಿ."

ಆ ಕಣ್ಣುಗಳಲ್ಲಿ ಸುಳ್ಳಿರಲಿಲ್ಲ. ಅವಳ ಚೀಲವನ್ನು ಮನೆಯ ಬಾಗಿಲವರೆಗೂ ಅವನೇ ಹೊತ್ತು ತಂದ. ಆಮೇಲೂ ಏನಾದರೊಂದು ನೆಪ ಹೇಳಿಕೊಂಡು ಬರುತ್ತಲೇ ಇದ್ದ. ಮೆಟ್ಟಿಲ ಮೇಲೆ ಅವನ ಹೆಜ್ಜೆ ಕೇಳಿದರೆ ಸಾಕು, ಅವಳ ಎದೆ ಡವಗುಟ್ಟುತ್ತಿತ್ತು.

ಆದರೆ ಒಂದು ಸಂಜೆ ಚಿತ್ರಮಂದಿರದಲ್ಲಿ... ಪರದೆಯ ತುಂಬ ಅವಳದೇ ಮುಖ!

"ನೋಡಿ, ನಮ್ಮ ಊರಿನ ಕಲ್ಲಿದ್ದಲು ಕದಿಯುವವರು," ಎಂದಿತು ಹಿನ್ನೆಲೆಯ ಧ್ವನಿ. ಜನ ಗೊಳ್ಳೆಂದು ನಕ್ಕರು.

ಮರುದಿನ ಅವಳು ದುಡಿಯುತ್ತಿದ್ದ ಲಾಂಡ್ರಿಯ ಒಡತಿ ಶ್ರೀಮತಿ ಹೂಬ್ನರ್ ಕಳ್ಳಿಯೆಂದು ಅವಳನ್ನು ಕೆಲಸದಿಂದ ತೆಗೆದಳು.

ಸೆವೆರಿನ್ ಓಡಿಬಂದ. "ಒಟಿಲಿಯಾ, ಒಂದೇ ಒಂದು ಮಾತು..."

"ನನ್ನ ಮಾನ ಹರಾಜು ಹಾಕಿದ್ದು ಸಾಲದಾ? ಹೋಗಿ!"

ಬಾಗಿಲು ಧಡಾರನೆ ಮುಚ್ಚಿತು. ಒಳಗೆ ಅವಳು ಬಾಯಿಗೆ ಅಂಗೈ ಒತ್ತಿಕೊಂಡು ಬಿಕ್ಕಿದಳು. 'ನಂಬಿದ್ದೆನಲ್ಲಾ... ಅಷ್ಟೊಂದು ನಂಬಿದ್ದೆನಲ್ಲಾ!'

ಕೆಲವು ದಿನಗಳ ಮೇಲೆ ಹೂಬ್ನರ್ ತಾನೇ ಮೆಟ್ಟಿಲು ಹತ್ತಿ ಬಂದಳು.

"ನಾಳೆಯಿಂದ ಕೆಲಸಕ್ಕೆ ಬಾ ಮಗಳೇ. ಮೊನ್ನೆ ಸಿನಿಮಾ ಆಟದ ಮಧ್ಯೆ ನಿನ್ನ ಆ ಹುಡುಗ ಎದ್ದು ನಿಂತ. 'ಅವಳ ಮುಖ ಇದ್ದ ಫಿಲ್ಮು ಎಸೆಯೋಕೆ ಮನಸ್ಸು ಬರದೆ ನನಗೋಸ್ಕರ ಎತ್ತಿಟ್ಟಿದ್ದೆ, ಕಚೇರಿಯವರು ನನ್ನ ಕೇಳದೆ ವಾರ್ತಾಚಿತ್ರಕ್ಕೆ ಸೇರಿಸಿಬಿಟ್ರು. ತಪ್ಪು ನಂದು. ಈ ಚಳಿಯಲ್ಲಿ ಹಳಿ ಮೇಲಿನ ಕಲ್ಲಿದ್ದಲು ಉರಿಸದವರು ಯಾರಿದ್ದೀರಿ, ಕೈ ಎತ್ತಿ' ಅಂದ. ಒಂದು ಕೈಯೂ ಏಳಲಿಲ್ಲ ಕಣೇ... ನಂದೂ ಏಳಲಿಲ್ಲ."

"ಅವರು ಈಗ...?"

"ಹಾಗೆ ಮಾತಾಡಿದ್ದಕ್ಕೆ ಕೆಲಸ ಹೋಯ್ತು. ಕಾಲುವೆ ದಂಡೆಯಲ್ಲಿ ಇಟ್ಟಿಗೆ ಹೊರ್ತಿದ್ದಾನೆ."

ಒಟಿಲಿಯಾ ಕೋಟನ್ನೂ ಹಾಕಿಕೊಳ್ಳದೆ ಓಡಿದಳು.

ಬಾಂಬಿಗೆ ಕುಸಿದ ಮನೆಗಳ ರಾಶಿಯ ನಡುವೆ ಸೆವೆರಿನ್ ನಿಂತಿದ್ದ. ಬೆರಳುಗಳು ಒಡೆದು ರಕ್ತ ಹೆಪ್ಪುಗಟ್ಟಿತ್ತು.

"ನನ್ನ ಮುಖ ಎತ್ತಿಟ್ಕೊಂಡು ಏನ್ ಮಾಡೋರಿದ್ರಿ?" ಅವಳು ಏದುಸಿರು ಬಿಡುತ್ತ ಕೇಳಿದಳು.

"ದಿನಾ ನೋಡೋಕೆ... ಮನಸ್ಸಲ್ಲಿರೋದನ್ನ ನಿಮಗೆ ಹೇಳೋ ಧೈರ್ಯ ಇರಲಿಲ್ಲ." ಅವನು ತಲೆ ತಗ್ಗಿಸಿದ. "ಪ್ರೀತಿಸ್ತೀನಿ, ಒಟಿಲಿಯಾ. ಮಾತು ತಪ್ಪಿದವನ ಬಾಯಲ್ಲಿ ಇದು ಚೆನ್ನಾಗಿ ಕೇಳಿಸಲ್ಲ, ಗೊತ್ತು."

ಅವಳು ಅವನ ಬೆರಳುಗಳನ್ನು ಹಿಡಿದು ಬಿಸಿಯುಸಿರು ಊದಿದಳು.

"ಇನ್ನೂ ಸಿಟ್ಟಿದೆ ನನಗೆ."

"ಇರಲಿ."

"ಅಮ್ಮ ಸೂಪಿಗೆ ಇಟ್ಟಿದ್ದಾಳೆ. ಬನ್ನಿ."

"ಬಂದ್ರೆ... ವಾಪಸ್ ಹೋಗೋಕೆ ಕಾಲೇ ಬರಲ್ಲ."

ಅವಳ ಕಣ್ಣು ತುಂಬಿ ಬಂತು.

"ಹೋಗಿ ಅಂತ ಇನ್ನೊಂದ್ಸಲ ಯಾರು ಹೇಳ್ತಾರೆ!"