ಅವಳು ಬೈ ಅಂದದ್ದು

ದೋಣಿಗೆ ಕಾಲಿಡುತ್ತಲೇ ಆಕೆ "ಹಾಯ್" ಅಂದಳು. ದುಂಡೇಶ ಹುಟ್ಟು ಬಿಟ್ಟು ಎದ್ದು ನಿಂತ.

"ಎಲ್ಲಿ ಚುಚ್ಚಿತ್ರಿ?" ಎಂದ. "ಆ ಹಲಗಿಯೊಳಗ ಒಂದ್ ಮೊಳಿ ಎದ್ದೈತಿ. ಬಡೀಬೇಕು ಬಡೀಬೇಕು ಅಂತ ಹಂಗ ಉಳದೈತಿ ನೋಡ್ರಿ."

ಆಕೆ ಮೊದಲು ತನ್ನ ಕಾಲು ನೋಡಿಕೊಂಡಳು, ಆಮೇಲೆ ಅವನ ಮುಖ. ನಗು ತಡೆಯಲು ಸೆರಗಿನ ತುದಿಯನ್ನು ಬಾಯಿಗೆ ಒಯ್ದಳು. ಬಾಯಿ ಮಾತು ಕೇಳಿತು, ಕಣ್ಣು ಕೇಳಲಿಲ್ಲ.

"ಚುಚ್ಚಿಲ್ರಿ. ಇಂಗ್ಲಿಷಿನ್ಯಾಗ ನಮಸ್ಕಾರ ಅಂದಂಗ ಅದು."

ಹಾಲಿನ ಕ್ಯಾನುಗಳ ನಡುವೆ ಕೂತಿದ್ದ ಮುದುಕ ಲಗಮಣ್ಣ ತಲೆ ಅಲ್ಲಾಡಿಸಿದ. "ಟೀಚರ್ರ, ನಮ್ಮ ಕಡೆ ಹಾಯ್ ಅಂದ್ರ ಚೇಳ ಕಡದಿರಬೇಕು, ಇಲ್ಲಾ ಅಳಿಯ ಬಂದಿರಬೇಕು."

ದೋಣಿಯಲ್ಲಿದ್ದವರೆಲ್ಲ ನಕ್ಕರು. ದುಂಡೇಶ ನಗಲಿಲ್ಲ. ಆಕೆ ಇಳಿದು ಹೋದ ಮೇಲೆ ಕಲ್ಲು ತಗೊಂಡು ಆ ಮೊಳೆ ಬಡಿದ.

ಯಡೂರಿನ ಕೆಳಗೆ ಕೃಷ್ಣೆ ಅಗಲವಾಗಿ ಹೊರಳುವಲ್ಲಿ ದೋಣಿ ಕಟ್ಟುವ ಆ ಘಾಟು. ಸೇತುವೆ ದೂರ; ಬಸ್ಸು ಹಿಡಿದರೆ ಊರೂರು ಸುತ್ತಿ ಬರಬೇಕು. ಹೀಗಾಗಿ ದುಂಡೇಶನ ಅಪ್ಪ ದೋಣಿ ನಡೆಸಿದ, ಅಪ್ಪ ಹೋದ ಮೇಲೆ ದುಂಡೇಶ. ಕಬ್ಬಿನ ಹೊಲವೂ ಇತ್ತು, ಆದರೆ ಅವನ ಜೀವ ನೀರಿನ ಮೇಲೆ. ಅಪ್ಪ ಅವನಿಗೆ ಕಲಿಸಿದ್ದು ಇಷ್ಟೇ: ಯಾವ ದಂಡೆಯಿಂದ ಕೂಗು ಬಂದರೂ "ಬಂದೆ" ಅನ್ನಬೇಕು, ಅಂದ ಮೇಲೆ ಹೋಗಲೇಬೇಕು. ಕೂಗುವುದು ದಾಟುವವರ ಕೆಲಸ. ದೋಣಿಯವ ತಾನಾಗಿ ಯಾರನ್ನೂ ಕೂಗಬಾರದು.

ಆಕೆ ಬ್ರಾಹ್ಮಿ. ಆಚೆ ದಂಡೆಯ ದ್ರಾಕ್ಷಿ ತೋಟದ ಬಾಹುಬಲಿಯವರ ಮಗಳು. ಈಚೆ ಕಡೆ, ಚಿಕ್ಕೋಡಿ ರಸ್ತೆಯ ಇಂಗ್ಲಿಷ್ ಶಾಲೆಯಲ್ಲಿ ಟೀಚರ್ ಆಗಿ ಸೇರಿದ್ದಳು. ಮುಂಜಾನೆ ಒಮ್ಮೆ, ಸಂಜೆ ಒಮ್ಮೆ ಅವನ ದೋಣಿ ಹತ್ತುತ್ತಿದ್ದಳು.

ಆ ದೋಣಿಯಲ್ಲಿ ಒಬ್ಬೊಬ್ಬರದು ಒಂದೊಂದು ನಮಸ್ಕಾರ. ಜೈನರು ಬಂದರೆ ಜೈ ಜಿನೇಂದ್ರ, ಮಿರಜ ಕಡೆಯವರು ಬಂದರೆ ರಾಮ್ ರಾಮ್, ಮಠಕ್ಕೆ ನಡೆದುಕೊಳ್ಳುವವರು ಬಂದರೆ ಶರಣ್ರಿ. ಬಾಯಿ ಬಿಟ್ಟರೆ ಯಾರ ಮನೆ, ಯಾವ ಗುಡಿ ಎಲ್ಲ ತಿಳಿಯುತ್ತಿತ್ತು. ಬ್ರಾಹ್ಮಿಗೆ ಏನನ್ನುವುದೆಂದು ದುಂಡೇಶನಿಗೆ ತಿಳಿಯುತ್ತಿರಲಿಲ್ಲ. ಅವಳದನ್ನು ಅಂದರೆ ಸಲಿಗೆ ಆದೀತು, ತನ್ನದನ್ನು ಅಂದರೆ ನಡುವೆ ಗೋಡೆ ಎದ್ದೀತು. ಹಾಯ್ ಅನ್ನುವ ಮಾತಿಗೆ ಮನೆ ಇರಲಿಲ್ಲ, ಗುಡಿ ಇರಲಿಲ್ಲ. ಅದೇ ಅವರಿಬ್ಬರದಾಯಿತು.

"ಈ ಹಾಯ್ ಎಲ್ಲಿಂದ ಬಂತ್ರಿ?" ಎಂದು ಒಂದು ಸಂಜೆ ಕೇಳಿದ. ಕೇಳಿದ್ದು ಅರ್ಥಕ್ಕಲ್ಲ, ಅವಳ ದನಿಗೆ.

"ನಾವು 'ಏ, ಇಲ್ಲಿ ನೋಡು' ಅನ್ನೂದಿಲ್ಲೇನ್ರಿ? ಅಂಥಾದ್ದ ಅದು. ಹೇ ಅನ್ನೂದರ ತಮ್ಮ. ಹಲೋಕ್ಕಿಂತ ಹಳೇದು."

"ಮತ್ತ ಹಲೋ?"

ಅವಳು ನೀರಿಗೆ ಬೆರಳು ಇಳಿಬಿಟ್ಟಳು. ಬೆರಳಿನ ಹಿಂದೆ ಸಣ್ಣದೊಂದು ಗೆರೆ ಎದ್ದು ಬರುತ್ತಿತ್ತು. "ಅದು ನಿಮ್ಮ ಮಾತ್ರಿ. ಹಿಂದಕ ಹೊಳಿ ಈ ಕಡೆ ನಿಂತು ಆಚಿ ಕಡಿ ದೋಣಿಯವನ್ನ ಕರಿಯೂ ಕೂಗಿನಿಂದ ಬಂದೈತಿ ಅಂತ ಹೇಳ್ತಾರ. ಫೋನ್ ಬಂದ ಮ್ಯಾಲ ಫೋನಿಗೆ ಹೋತು."

"ಅಂದ್ರ ಜಗತ್ತೆಲ್ಲಾ ಫೋನ್ ಎತ್ತಿ ನನ್ನ ಕರೀತೈತಿ ಅನ್ರಿ."

"ಜಗತ್ತಿಂದು ನನಗೊತ್ತಿಲ್ಲ," ಎಂದಳು ಬ್ರಾಹ್ಮಿ, ಬೆರಳು ನೋಡುತ್ತಲೇ.

ಹುಟ್ಟು ಒಮ್ಮೆ ನೀರು ತಪ್ಪಿ ಗಾಳಿಗೆ ಬಿತ್ತು. ಲಗಮಣ್ಣ ಕೆಮ್ಮಿದ.

ವಾಟ್ಸಪ್ ಅಂದರೆ 'ಮೇಲೇನಿದೆ' ಎಂದು ಅವಳು ಬಿಡಿಸಿ ಹೇಳಿದಾಗ ಲಗಮಣ್ಣ ಆಕಾಶ ನೋಡಿ "ಮೋಡ ಐತ್ರಿ" ಎಂದಿದ್ದ. ಬೈ ಅನ್ನುವುದರ ಕಥೆಯನ್ನೂ ಅವಳೇ ಹೇಳಿದ್ದಳು. ದೇವರು ನಿನ್ನ ಕೂಡ ಇರಲಿ ಅನ್ನುವ ಉದ್ದನೆಯ ಮಾತು ಬಾಯಿಂದ ಬಾಯಿಗೆ ಸವೆದು ಸವೆದು ಗುಡ್‌ಬೈ ಆಯಿತಂತೆ, ಅದೂ ಸವೆದು ಬೈ ಆಯಿತಂತೆ. "ನಮಗ್ಯಾಕ್ರಿ ಅದು? ಹೋಗೂ ಮುಂದೂ ಬರ್ತೇನಿ ಅನ್ನೂ ಜನ ನಾವು," ಎಂದು ನಕ್ಕು, ದಂಡೆಗೆ ಇಳಿದು, "ಬರ್ತೇನ್ರಿ" ಅಂದಿದ್ದಳು. ದಿನಾ ಹಾಗೇ ಅನ್ನುತ್ತಿದ್ದಳು. ಆ ಒಂದು ಮಾತಿನ ಮೇಲೆ ಅವನ ರಾತ್ರಿ ಕಳೆಯುತ್ತಿತ್ತು.

ಶ್ರಾವಣದಲ್ಲಿ ಒಂದು ಸಂಜೆ ದೋಣಿಯಲ್ಲಿ ಅವರಿಬ್ಬರೇ ಇದ್ದರು. ನಡು ಹೊಳೆಗೆ ಬಂದಾಗ ಅವಳು ಹೇಳಿದಳು.

"ಕಾಗವಾಡದ ವರ ಗೊತ್ತ ಮಾಡ್ಯಾರ. ಸುಜಯ ಅಂತ. ಬರೂ ಐತವಾರ ಸಾಖರಪುಡಾ."

ನಿಶ್ಚಯದ ಸಕ್ಕರೆ. ಅದು ಹಂಚಿದ ಮೇಲೆ ಮಾತು ಹಿಂದೆ ಬರುವುದಿಲ್ಲ. ದುಂಡೇಶ ಹುಟ್ಟು ಹಾಕುತ್ತಲೇ ಇದ್ದ. ದ್ರಾಕ್ಷಿ ತೋಟದ ಜೈನರ ಮನೆ ಅವರದು, ತಾನು ಹುಟ್ಟು ಹಿಡಿದವ. ಕೂಗುವುದು ತನ್ನ ಕೆಲಸವಲ್ಲ.

"ಏನರ ಅನ್ರಿ," ಎಂದಳು ಬ್ರಾಹ್ಮಿ.

"ಚಲೋ ಆತ್ರಿ," ಎಂದ.

ದಂಡೆ ಬಂತು. ಅವಳು ಇಳಿದಳು. ತಿರುಗಿ ನಿಂತು ಅವನನ್ನು ನೋಡಿದಳು. ಕಣ್ಣು ತುಂಬಿತ್ತು, ತುಟಿ ಗಟ್ಟಿಯಾಗಿ ಮುಚ್ಚಿತ್ತು. ಮತ್ತೆ ತುಟಿ ಬಿಡಿಸಿ ಒಂದೇ ಮಾತು ಅಂದಳು.

"ಬೈ."

ದುಂಡೇಶನಿಗೆ ಹೊಳೆ ನಿಂತಂತಾಯಿತು. ಬರ್ತೇನ್ರಿ ಇಲ್ಲ. ದೇವರು ನಿನ್ನ ಕೂಡ ಇರಲಿ, ನಾನಿರುವುದಿಲ್ಲ. ಅವಳ ಮಾನಕ್ಕೆ ತಕ್ಕಂತೆ ತಾನೂ ಗಟ್ಟಿಯಾಗಿರಬೇಕೆಂದು ತಲೆ ಬಗ್ಗಿಸಿ, "ಬೈ, ಟೀಚರ್ರ," ಎಂದ.

ತಲೆ ಎತ್ತುವಷ್ಟರಲ್ಲಿ ಅವಳ ಮುಖದಲ್ಲಿ ಏನೋ ಆರಿಹೋಗಿತ್ತು. ಬೆನ್ನು ತಿರುಗಿಸಿ ಮೆಟ್ಟಿಲು ಹತ್ತಿ ಹೋದಳು.

ಮರುದಿನ ಬರಲಿಲ್ಲ. ಆಮೇಲೆಯೂ ಬರಲಿಲ್ಲ. ಶಾಲೆ ಬಿಟ್ಟಳೆಂದು ಲಗಮಣ್ಣ ಸುದ್ದಿ ತಂದ. ಆಚೆ ದಂಡೆಯಿಂದ ಕೂಗು ಬಂದಾಗಲೆಲ್ಲ ದುಂಡೇಶ ಮೈ ಮರೆತು ಹುಟ್ಟು ಹಾಕಿಕೊಂಡು ಹೋಗುತ್ತಿದ್ದ. ಅಲ್ಲಿ ಮೇವಿನ ಹೊರೆ ನಿಂತಿರುತ್ತಿತ್ತು, ಮೇಕೆ ನಿಂತಿರುತ್ತಿತ್ತು, ಅವಳು ನಿಂತಿರುತ್ತಿರಲಿಲ್ಲ. ಅವಳು ಕೂಡುತ್ತಿದ್ದ ಹಲಗೆಯ ಮೇಲೆ ಬೇರೆಯವರು ಕೂತರೆ ನೀರಿನ ಕಡೆ ಮುಖ ತಿರುಗಿಸುತ್ತಿದ್ದ. ಕೊನೆಗೆ ಮೇಲಿನ ಡ್ಯಾಮಿನ ನೀರು ಬಿಟ್ಟರು. ಹೊಳೆ ಕೆಂಪಾಗಿ ಏರಿತು. ಊರ ಲೆಕ್ಕ ನೋಡುವ ತಲಾಟಿ ಬಂದು ದೋಣಿ ಕಟ್ಟಿಸಿ ಹೋದರು. ಹೋಗುವುದಕ್ಕೆ ಕೂಗೂ ಇಲ್ಲದಂತಾಯಿತು.

ಶನಿವಾರ ಮುಂಜಾನೆ ಅವನ ತಾಯಿ ಗೌರಾಬಾಯಿ ರೊಟ್ಟಿ ಬಡಿಯುತ್ತಿದ್ದಳು. ಮಗ ತಾಟಿನ ಮುಂದೆ ಕೂತು ರೊಟ್ಟಿ ಮುರಿದ, ತಿನ್ನಲಿಲ್ಲ.

"ಏನ್ ಆಗೈತಿ ಹೇಳೋ ನಿನಗ. ಯಾರ್ ಏನ್ ಅಂದ್ರು?"

"ಟೀಚರ್ ಹೋದ್ರವ್ವಾ. ಹೋಗೂ ಮುಂದ ಬೈ ಅಂದ್ಲು."

ಗೌರಾಬಾಯಿಯ ಕೈ ಹಿಟ್ಟಿನ ಮೇಲೆ ನಿಂತಿತು. "ಮತ್ತ ನೀ ಬೈದಿ ಏನು?"

"ಏನ್?"

"ಆಕಿ ಬೈ ಅಂದ್ಲಲಾ. ಬೈದಿ ಇಲ್ಲೋ?"

"ಅವ್ವಾ, ಅದು ಇಂಗ್ಲಿಷ್ ಮಾತು."

"ನನಗೆಲ್ಲಿ ಬರತೈತಿ ಇಂಗ್ಲಿಷ್," ಎಂದು ಗೌರಾಬಾಯಿ ರೊಟ್ಟಿ ಹಂಚಿಗೆ ಹಾಕಿದಳು. "ನಿಮ್ಮಪ್ಪನ ಮ್ಯಾಲ ಸಿಟ್ಟ ಬಂದಾಗ ನಾನೂ ಹಂಗ ಅಂತಿದ್ದೆ. ಸುಮ್ಮ ಕೂಡಬ್ಯಾಡ, ಬೈ, ಬೈದರ ಬೈ ಅಂತ. ಸುಮ್ಮ ಕುಂತವರ ಕೂಡ ಬಾಳೇ ಮಾಡೂದು ಭಾಳ ಕಠಿಣಪ್ಪಾ."

ದುಂಡೇಶ ತಾಟು ಬಿಟ್ಟು ಎದ್ದ.

ಏನರ ಅನ್ರಿ, ಎಂದಿದ್ದಳು. ಅವನು ಅನ್ನಲಿಲ್ಲ. ಬೈ, ಎಂದಳು. ಬೈರಿ ಅಲ್ಲ, ಬೈ. ಇಷ್ಟು ದಿನ ಮಾತು ಮಾತಿಗೂ ಹಚ್ಚುತ್ತಿದ್ದ ಆ 'ರಿ'ಯನ್ನು ಮೊದಲ ಸಲ ತೆಗೆದಿಟ್ಟು, ತನ್ನವನೊಡನೆ ಮಾತಾಡಿದಂತೆ ಮಾತಾಡಿದ್ದಳು. ಅವಳು ಟೀಚರ್ ಎಂದು ಅವನು ಇಂಗ್ಲಿಷ್ ಕೇಳಿಸಿಕೊಂಡ. ಕೇಳಿಸಿಕೊಂಡು ತಿರುಗಿ ಅದನ್ನೇ ಅಂದ. ಅವನ ಬಾಯಿಂದ ಬಂದದ್ದು ಅವಳಿಗೆ ಇಂಗ್ಲಿಷಾಗಿಯೇ ಮುಟ್ಟಿರಬೇಕು.

ಘಾಟಿಗೆ ಓಡಿದ. ದೋಣಿ ಬೇವಿನ ಮರಕ್ಕೆ ಕಟ್ಟಿತ್ತು, ನಡುವೆ ಕೆಂಪು ನೀರು. ಆಚೆ ಮೆಟ್ಟಿಲ ಮೇಲೆ ಬಾಹುಬಲಿಯವರ ಮನೆಯ ಮುಂದೆ ಮಂಟಪದ ಬಿದಿರು ನೆಡುತ್ತಿದ್ದರು. ನಾಳೆ ಸಕ್ಕರೆ.

ದುಂಡೇಶ ಎರಡೂ ಕೈ ಬಾಯಿಗೆ ಹಚ್ಚಿದ. ಜನ್ಮದಲ್ಲಿ ಕೂಗದಿದ್ದವ ಕೂಗಿದ.

"ಹಲೋ..."

ನೀರಿನ ಮೇಲೆ ದನಿ ಉದ್ದಕ್ಕೆ ಹೋಯಿತು. ಬಿದಿರು ಹಿಡಿದವರು ತಿರುಗಿದರು. ಮತ್ತೆ ಕೂಗಿದ, ಗಂಟಲು ಒಡೆಯುವ ಹಾಗೆ. ಬಾಗಿಲಲ್ಲಿ ಹಳದಿ ಸೀರೆಯೊಂದು ಕಂಡಿತು, ಮೆಟ್ಟಿಲು ಇಳಿದು ನೀರಿನ ಅಂಚಿಗೆ ಬಂದು ನಿಂತಿತು. ಹಿಂದೆಯೇ ಬಾಹುಬಲಿಯವರು. ಊರೆಲ್ಲ ಕೇಳಲಿ ಎಂದುಕೊಂಡ ದುಂಡೇಶ.

"ನಿನಗ ಬುದ್ಧಿ ಐತೇನ ಬ್ರಾಹ್ಮಿ? ಹಾಯ್ ಅಂದ್ರೇನು ಹೇಳಿದಿ, ಹಲೋ ಅಂದ್ರೇನು ಹೇಳಿದಿ. ಆ ಬೈ ಕನ್ನಡ ಅಂತ ಹೇಳಾಕ ಏನಾಗಿತ್ತು? ನಾ ದಡ್ಡ, ನೀ ಶಾಣೇಕಿ ಅಲ್ಲೇನು? ನನ್ನ ಬಿಟ್ಟ ಹೆಂಗ ಹೊಂಟಿ ನೀ? ಹೊಂಟವರು ಬರ್ತೇನಿ ಅನಬೇಕು ಅಂತ ನೀನ ಹೇಳಿದ್ದಿ..."

ದುಂಡೇಶ ಅಲ್ಲೇ ದಂಡೆಯ ಮೇಲೆ ಕೂತ.

ಆಚೆ ದಂಡೆಯಲ್ಲಿ ಅವಳ ಅಪ್ಪ ಏನೋ ಕೇಳಿದರು. ಅವಳು ನಿಧಾನವಾಗಿ ಎರಡೂ ಕೈ ಎತ್ತಿ ಬಾಯಿಗೆ ಹಚ್ಚಿದಳು.

"ಹಲೋ..."

ದಾಟಿಸು ಅನ್ನುವವರ ಕೂಗು ಅದು. ಅವನಿಗಿಂತ ಚೆನ್ನಾಗಿ ಆ ಕೂಗನ್ನು ಬಲ್ಲವರು ಆ ಹೊಳೆಯ ಮೇಲೆ ಯಾರಿದ್ದರು.

"ಬಂದೆ," ಎಂದ ದುಂಡೇಶ. ಎದ್ದು ಮನೆಗೆ ಓಡಿ, ಅಂಗಳದಲ್ಲಿದ್ದ ಮೋಟಾರ್‌ಸೈಕಲ್ ಹತ್ತಿ ಸೇತುವೆಯ ದಾರಿ ಹಿಡಿದ.

ಅವನು ಹೋಗಿ ಮುಟ್ಟುವಷ್ಟರಲ್ಲಿ ಬಾಹುಬಲಿಯವರು ಮನೆಯ ಕಟ್ಟೆಯ ಮೇಲೆ ಕೂತಿದ್ದರು. ಯಾವ ನಮಸ್ಕಾರ ಹೇಳುವುದೆಂದು ಈಗಲೂ ತಿಳಿಯದೆ ದುಂಡೇಶ ಬರೀ ಕೈಮುಗಿದ.

"ನನ್ನ ಮಗಳಿಗೆ ಯಾಕ ಬೈದಿ?"

ಬಾಗಿಲ ಮರೆಯಿಂದ ಬ್ರಾಹ್ಮಿಯ ದನಿ ಬಂತು. "ನಾನ ಬೈ ಅಂದಿದ್ದೆ, ಅಪ್ಪಾ."

ಬಾಹುಬಲಿಯವರು ಅರ್ಧ ನೆಟ್ಟ ಬಿದಿರಿನ ಕಡೆ ನೋಡಿದರು. "ಸುಜಯ ಚಲೋ ಹುಡುಗ. ಅವಂಗ ನಾ ಯಾವ ಬಾಯಿಲೇ ಹೇಳ್ಲಿ?"

"ನಾ ಹೋಗಿ ಹೇಳ್ತೇನ್ರಿ. ಅವರೂ ಬೈಲಿ."

"ಕಾಗವಾಡಕ್ಕ ಹೋಗೂದು ಆಮ್ಯಾಲ," ಎಂದರು ಬಾಹುಬಲಿ, ಪಕ್ಕಕ್ಕೆ ಸರಿದು ಕಟ್ಟೆಯ ಮೇಲೆ ಜಾಗ ಬಿಟ್ಟರು. ದನಿಯಲ್ಲಿ ಸಿಟ್ಟು ಇನ್ನೂ ಇತ್ತು. "ಮೊದಲ ಕೂಡು. ನಂದೂ ಬೈಯೂದೈತಿ."

ಬ್ರಾಹ್ಮಿ ನೀರಿನ ತಂಬಿಗೆ ತಂದು ಮುಂದಿಟ್ಟಳು. ಅತ್ತು ಅತ್ತು ಕಣ್ಣು ಕೆಂಪಾಗಿದ್ದವು. ಬಗ್ಗಿದವಳು ಏಳುವ ಮುಂದೆ, ಅವನೊಬ್ಬನಿಗೇ ಕೇಳುವಷ್ಟು ಮೆಲ್ಲಗೆ, "ಹಾಯ್," ಅಂದಳು.

ಎಲ್ಲಿ ಚುಚ್ಚಿತು ಎಂದು ಈ ಸಲ ಅವನು ಕೇಳಲಿಲ್ಲ. ಅವನಿಗೆ ಗೊತ್ತಿತ್ತು.